ಐದನೆಯ ಡೇರೆಗೆ ತಾವಿಟ್ಟ ಹೆಸರು

ಪರಿಹಾರ ಶಿಬಿರಗಳ ವೈದ್ಯಕೀಯ ಸಮನ್ವಯ ಕಚೇರಿಯ ಮುಖ್ಯಸ್ಥರಿಗೆ,

ಮಾನ್ಯರೇ,

ನದಿಯ ಈಚೆ ದಡದ ಶಿಬಿರದಲ್ಲಿ, ಇನ್ನು ಉಳಿಯುವುದಿಲ್ಲ ಎಂದು ವೈದ್ಯರು ಕೈಚೆಲ್ಲಿದವರನ್ನು ಮಲಗಿಸುವ ಡೇರೆಗೆ ತಾವು ‘ಆರಾಮ ವಿಭಾಗ’ ಎಂದು ಹೆಸರಿಟ್ಟಿದ್ದೀರಿ. ಆ ಹೆಸರಿನ ದೆಸೆಯಿಂದ ಒಬ್ಬ ದರ್ಜಿ ಸಾಯುತ್ತಿದ್ದಾನೆ. ಕಾಯಿಲೆಯಿಂದ ಸಾಯುತ್ತಿದ್ದಾನೆ ಎಂದು ತಮ್ಮ ಕಡತ ಹೇಳುತ್ತದೆ. ಹೇಳಲಿ ಬಿಡಿ, ಕಡತಕ್ಕೆ ಕಿವಿಯಿಲ್ಲ. ನಾನು ಹೇಳುತ್ತಿರುವುದು ಇಷ್ಟು: ಆತನನ್ನು ಉಳಿಸಬಹುದಾಗಿದ್ದ ಗಾಡಿ ಶಿಬಿರದ ಗೇಟಿನವರೆಗೂ ಬಂದು ನಿಂತಿತ್ತು, ತಾವಿಟ್ಟ ಆ ಒಂದು ಪದದಿಂದಾಗಿ ಆತನನ್ನು ಬಿಟ್ಟು ವಾಪಸು ಹೋಯಿತು. ಆತ ಇನ್ನೂ ಉಸಿರಾಡುತ್ತಿದ್ದಾನೆ. ಕ್ರಮಪ್ರಕಾರ ಮೇಲಧಿಕಾರಿಗಳ ಮುಖಾಂತರ ಬರೆದ ಮನವಿ ತಮ್ಮ ಮೇಜಿನ ತನಕ ನಡೆದು ಬರುವಷ್ಟು ಕಾಲ ಆತನಿಗಿಲ್ಲ. ಅದಕ್ಕೇ ಪತ್ರಿಕೆಯಲ್ಲಿ, ಊರೆಲ್ಲ ಓದುವಂತೆ ಬರೆಯುತ್ತಿದ್ದೇನೆ. ನಮ್ಮ ನಿಯಮಾವಳಿಯ ಪ್ರಕಾರ ಇದು ಅಶಿಸ್ತು. ಶಿಕ್ಷೆ ಕೊಡುವುದಿದ್ದರೆ ದಯವಿಟ್ಟು ಮೊದಲು ಪತ್ರವನ್ನು ಪೂರ್ತಿ ಓದಿ, ಆಮೇಲೆ ಕೊಡಿ.

ನಾನೊಬ್ಬ ದಾದಿ. ಸರ್ಕಾರಿ ಆಸ್ಪತ್ರೆಯಲ್ಲಿ ಕೂದಲು ಹಣ್ಣಾಗುವವರೆಗೆ ದುಡಿದು ನಿವೃತ್ತಳಾದೆ. ಗಡಿಯ ಊರುಗಳಲ್ಲಿ ಗುಂಡಿನ ಸದ್ದು ಶುರುವಾಗಿ ಜನ ಉಟ್ಟ ಬಟ್ಟೆಯಲ್ಲಿ ನದಿಯ ಕಡೆಗೆ ಬಂದಾಗ, ಕೈಯಲ್ಲಿ ಕಸುಬಿದೆ, ಕಾಲಲ್ಲಿ ಇನ್ನೂ ಬಲವಿದೆ ಎಂದುಕೊಂಡು ನಾನಾಗಿಯೇ ಬಂದೆ. ಯಾರೂ ಕರೆದಿರಲಿಲ್ಲ. ನನ್ನ ಮಗಳಂತೂ ‘ಈ ವಯಸ್ಸಲ್ಲಿ ನಿಂಗೇನಮ್ಮ ಹುಚ್ಚಾ?’ ಎಂದು ಜಗಳವನ್ನೇ ಆಡಿದಳು. ಇದನ್ನು ದೊಡ್ಡಸ್ತಿಕೆಗೆ ಹೇಳುತ್ತಿಲ್ಲ. ‘ಅನುಭವವಿಲ್ಲದ ಯಾರೋ ಭಾವಾವೇಶದಲ್ಲಿ ಬರೆದಿದ್ದಾರೆ’ ಎಂದು ತಾವು ಪತ್ರವನ್ನು ಪಕ್ಕಕ್ಕೆ ಸರಿಸಬಾರದಲ್ಲ, ಅದಕ್ಕೆ ಹೇಳಿದೆ. ಭಾವಾವೇಶ ಇದೆ, ಇಲ್ಲ ಅನ್ನುವುದಿಲ್ಲ. ಆದರೆ ಅನುಭವವೂ ಇದೆ.

ಮೊದಲೇ ಒಂದು ಮಾತು ಸ್ಪಷ್ಟಪಡಿಸುತ್ತೇನೆ. ಆ ಡೇರೆಯ ಬಗ್ಗೆ ನನ್ನ ತಕರಾರಿಲ್ಲ. ಅಂಥದ್ದೊಂದು ಜಾಗ ಬೇಕು. ಔಷಧಿ ನಾಟದ ಮೈಗೆ ಕೂಡ ಒಗೆದ ಹಾಸಿಗೆ ಬೇಕು, ನೋವಿಗೆ ಚುಚ್ಚುಮದ್ದು ಬೇಕು, ಒಣಗಿದ ತುಟಿಗೆ ಒದ್ದೆ ಹತ್ತಿ ಬೇಕು, ಹಿಡಿದುಕೊಳ್ಳಲು ಒಂದು ಕೈ ಬೇಕು. ಒಂದರಿಂದ ನಾಲ್ಕರವರೆಗಿನ ಡೇರೆಗಳಲ್ಲಿ ನಾವು ಮಾಡುವ ಕೆಲಸಕ್ಕಿಂತ ಅದು ಕಡಿಮೆಯದೇನಲ್ಲ. ಯಾರು ಅಲ್ಲಿಗೆ ಹೋಗಬೇಕು ಎಂದು ಯಾರೋ ಒಬ್ಬರು ತೀರ್ಮಾನಿಸಲೇಬೇಕು, ಅದೂ ನನಗೆ ಗೊತ್ತು. ಆಮ್ಲಜನಕದ ಯಂತ್ರ ಒಂದು, ಉಬ್ಬಸದಿಂದ ಒದ್ದಾಡುವವರು ಇಬ್ಬರು ಎಂದಾದಾಗ ಯಂತ್ರವನ್ನು ಅರ್ಧ ಕತ್ತರಿಸಿ ಹಂಚಲಾಗುವುದಿಲ್ಲ. ಆ ಕೊಳವೆಯನ್ನು ಒಂದು ಮೂಗಿನಿಂದ ತೆಗೆದು ಇನ್ನೊಂದಕ್ಕೆ ಇಟ್ಟ ಕೈ ಇದೇ, ಈ ಪತ್ರ ಬರೆಯುತ್ತಿರುವ ಕೈ. ತೆಗೆಸಿಕೊಂಡ ಮುದುಕ ನನ್ನ ಮುಖವನ್ನೇ ನೋಡುತ್ತಿದ್ದ. ನಾನು ಯಂತ್ರದ ಮುಳ್ಳನ್ನು ನೋಡುತ್ತಾ ನಿಂತೆ. ಇಂಥ ಕೆಲಸ ಮಾಡಿಸುವುದಕ್ಕೆ ತಮ್ಮನ್ನು ದೂರುವುದಿಲ್ಲ. ಆ ಕೆಲಸಕ್ಕೆ ತಾವು ತೊಡಿಸಿದ ಹೆಸರನ್ನು ದೂರುತ್ತಿದ್ದೇನೆ.

ಆ ಹೆಸರು ಹುಟ್ಟಿದ ಬಗೆಯನ್ನು ನಾನು ಊಹಿಸಬಲ್ಲೆ. ಹೊರಗಿನ ಯಾವುದೋ ಕೈಪಿಡಿಯಲ್ಲಿ, ಗುಣಪಡಿಸಲಾಗದವರ ಯಾತನೆ ತಗ್ಗಿಸುವ ಆರೈಕೆಗೆ ಒಂದು ಮೆತ್ತನೆಯ ಮಾತಿತ್ತು. ಅದಕ್ಕೆ ಸರಿಸಮವಾದ ಪದವೊಂದು ನಮ್ಮ ಭಾಷೆಯಲ್ಲೂ ಬೇಕೆಂದು ತಮ್ಮ ಕಚೇರಿಯಲ್ಲಿ ಸಭೆ ಸೇರಿತು. ಒಬ್ಬರು ‘ಉಪಶಮನ’ ಎಂದಿರಬೇಕು, ಇನ್ನೊಬ್ಬರು ಅದು ಜನಕ್ಕೆ ಅರ್ಥವಾಗುವುದಿಲ್ಲ ಎಂದಿರಬೇಕು. ಕೊನೆಗೆ ಯಾರೋ ‘ಆರಾಮ’ ಎಂದರು. ಎಲ್ಲರ ಮುಖವೂ ಅರಳಿತು. ಚಿಕ್ಕ ಪದ, ಜನರ ಬಾಯಲ್ಲಿ ಇರುವ ಪದ. ಮಾನ್ಯರೇ, ಜನರ ಬಾಯಲ್ಲಿ ಇದ್ದದ್ದೇ ತಪ್ಪಾಯಿತಲ್ಲ! ನಮ್ಮಲ್ಲಿ ಕಾಯಿಲೆ ಬಿದ್ದವನನ್ನು ‘ಅವನಿಗೆ ಆರಾಮಿಲ್ಲ’ ಅನ್ನುತ್ತೇವೆ. ಚೇತರಿಸಿಕೊಂಡರೆ ‘ಈಗ ಆರಾಮಾಗಿದಾನೆ’ ಅನ್ನುತ್ತೇವೆ. ಜ್ವರದ ಮಗುವಿನ ತಲೆ ಸವರಿ ‘ನಾಳೆಗೆಲ್ಲ ಆರಾಮಾಗ್ತೀಯ ಕಂದ’ ಅನ್ನುತ್ತೇವೆ. ಒಬ್ಬರಿಗೊಬ್ಬರು ಎದುರಾದರೆ ‘ಆರಾಮಾ?’ ಎಂದೇ ಮಾತು ಶುರು. ಇಂಥ ಪದವನ್ನು ಎತ್ತಿಕೊಂಡು ಹೋಗಿ, ಇನ್ನು ಯಾವತ್ತೂ ಆರಾಮಾಗದವರ ಡೇರೆಯ ಬಾಗಿಲಿಗೆ ತೂಗುಹಾಕಿದಿರಿ. ಸಭೆಯಲ್ಲಿ ಒಬ್ಬರಿಗಾದರೂ ತಮ್ಮ ಮನೆಯಲ್ಲಿ ಜ್ವರ ಬಿಟ್ಟ ದಿನದ ನೆನಪಾಗಲಿಲ್ಲವೇ?

ಅಷ್ಟಕ್ಕೇ ಬಿಟ್ಟಿದ್ದರೂ ನಾವು ಹೇಗೋ ಸುಧಾರಿಸುತ್ತಿದ್ದೆವು. ಬಾಗಿಲಲ್ಲಿ ಏನು ಬರೆದಿದ್ದರೇನು, ಪಕ್ಕಕ್ಕೆ ಕರೆದು, ಕೂರಿಸಿ, ನೀರು ಕೊಟ್ಟು, ನಿಜ ಸಂಗತಿ ತಿಳಿಸುತ್ತಿದ್ದೆವು. ಎಷ್ಟೋ ಮನೆಯವರಿಗೆ ಹಾಗೆ ತಿಳಿಸಿದ ಅಭ್ಯಾಸ ನಮಗಿದೆ. ಆದರೆ ಎರಡನೆಯ ಡೇರೆಯಲ್ಲಿ ಒಂದು ಮನೆಯವರು ರೊಚ್ಚಿಗೆದ್ದು ಸಾಮಾನು ಒಡೆದ ಮೇಲೆ ತಮ್ಮಿಂದ ಸುತ್ತೋಲೆ ಬಂತು. ‘ರೋಗಿಯನ್ನು ಆರಾಮ ವಿಭಾಗಕ್ಕೆ ವರ್ಗಾಯಿಸಲಾಗಿದೆ’ ಎಂಬ ವಾಕ್ಯವನ್ನಷ್ಟೇ ಹೇಳತಕ್ಕದ್ದು, ಅದಕ್ಕೆ ಏನನ್ನೂ ಸೇರಿಸತಕ್ಕದ್ದಲ್ಲ, ಸೇರಿಸಿದ ಸಿಬ್ಬಂದಿಯನ್ನು ಶಿಬಿರದಿಂದ ಬಿಡುಗಡೆ ಮಾಡಲಾಗುವುದು. ಬಾಯಿಗೆ ಬೀಗ ಹಾಕಿದ್ದೂ ಅಲ್ಲದೆ ಕೀಲಿಕೈಯನ್ನು ನದಿಗೆ ಎಸೆದಿರಿ.

ಈಗ ದರ್ಜಿಯ ವಿಷಯಕ್ಕೆ ಬರುತ್ತೇನೆ.

ಆತ ಶಿಬಿರಕ್ಕೆ ಬಂದದ್ದು ತನ್ನ ಅಕ್ಕನ ಜೊತೆ. ಅಕ್ಕ ಬಸ್ಸಿನಲ್ಲಿ ಕಂಡಕ್ಟರ್ ಆಗಿದ್ದವಳು. ಗಂಡ ಸತ್ತು ವರ್ಷಗಳಾಗಿವೆ. ಅತ್ತೆ ಮತ್ತು ತಮ್ಮ, ಇಬ್ಬರೂ ಅವಳ ಪಾಲಿಗೆ. ಬಂದ ದಿನವೇ ನಮ್ಮ ಔಷಧಿ ಸಾಲಿನ ನೂಕುನುಗ್ಗಲು ನೋಡಿ ಆಕೆಗೆ ತಡೆಯಲಾಗಲಿಲ್ಲ. ‘ಏಯ್, ಯಾಕ್ರೀ ಬಾಗಿಲಲ್ಲೇ ಜೋತುಬಿದ್ದಿದೀರಾ? ಒಳಗೆ ಖಾಲಿ ಐತಲ್ಲ, ಮುಂದೆ ನಡೀರಿ, ಮುಂದೆ ನಡೀರಿ!’ ಎಂದು ಒಂದು ಕೂಗು ಹಾಕಿದಳು ನೋಡಿ, ಕಾವಲಿನವರಿಗೆ ಬಗ್ಗದ ಸಾಲು ನೆಟ್ಟಗಾಯಿತು. ಅಂದಿನಿಂದ ಶಿಬಿರಕ್ಕೆಲ್ಲ ಆಕೆ ಕಂಡಕ್ಟರಮ್ಮ. ತಮ್ಮ ಅದಕ್ಕೆ ತದ್ವಿರುದ್ಧ, ಮಾತು ಕಡಿಮೆ. ದಾದಿಯರ ಹರಿದ ನಿಲುವಂಗಿಗಳನ್ನು ಹಾಸಿಗೆಯ ಮೇಲೆ ಕೂತೇ ಹೊಲಿದುಕೊಡುತ್ತಿದ್ದ. ಒಮ್ಮೆ ನನ್ನ ಜೇಬಿನ ಹೊಲಿಗೆ ನೋಡಿ, ‘ಸಿಸ್ಟರ್, ಇದನ್ನ ಹೊಲಿದೋರು ಟೈಲರ್ರಾ, ಡಾಕ್ಟರ್ರಾ?’ ಎಂದು ಕೇಳಿದ. ಅಷ್ಟು ಹೇಳಿ ಮತ್ತೆ ತಲೆ ತಗ್ಗಿಸಿದ.

ಆತನ ಎರಡೂ ಮೂತ್ರಪಿಂಡ ಕೆಲಸ ನಿಲ್ಲಿಸಿವೆ. ತನ್ನ ಊರಿನಲ್ಲಿದ್ದಾಗ ವಾರಕ್ಕೆರಡು ಸಲ ಡಯಾಲಿಸಿಸ್ ಮಾಡಿಸಿಕೊಂಡು, ಉಳಿದ ದಿನ ಅಂಗಡಿಯಲ್ಲಿ ಕೂತು ಹೊಲಿದು, ಎಲ್ಲರಂತೆ ಬದುಕಿದ್ದವನು. ಯಂತ್ರಕ್ಕೆ ಜೋಡಿಸಲೆಂದು ಎಡಗೈಯಲ್ಲಿ ರಕ್ತನಾಳ ಕೂಡಿಸಿದ್ದಾರೆ. ಮುಟ್ಟಿದರೆ ಅದು ಒಳಗೇ ಗುಂಯ್ ಎನ್ನುತ್ತದೆ. ‘ನನ್ನ ಮಿಷನ್ನು ಊರಲ್ಲೇ ಉಳೀತು, ಸದ್ದು ಮಾತ್ರ ಕೈಲಿ ಬಂತು’ ಎಂದು ಅಪರೂಪಕ್ಕೆ ನಗುತ್ತಿದ್ದ. ನಮ್ಮ ಶಿಬಿರದಲ್ಲಿ ಆ ಯಂತ್ರವಿಲ್ಲ. ಸೇತುವೆಯ ಆಚೆಯ ಪಟ್ಟಣದ ಆಸ್ಪತ್ರೆಯಲ್ಲಿದೆ. ಆದರೆ ಸೇತುವೆ ದಾಟಲು ತಮ್ಮ ಕಚೇರಿಯ ಪರವಾನಗಿ ಬೇಕು; ಒಂದೇ ಚಿಕಿತ್ಸೆಯಿಂದ ಗುಣವಾಗುವವರಿಗೆ ಮಾತ್ರ ಪರವಾನಗಿ ಎಂದು ತಮ್ಮ ನಿಯಮ. ಬದುಕಿರುವಷ್ಟು ಕಾಲ ಚಿಕಿತ್ಸೆ ಬೇಕಾದವನು ‘ದೀರ್ಘಕಾಲೀನ’. ಎಂಥ ಪದ! ದೀರ್ಘಕಾಲ ಬದುಕುವ ಆಸೆ ಇಟ್ಟುಕೊಂಡದ್ದೇ ಆತನ ಅನರ್ಹತೆ. ಹೀಗೆ, ಹೊಲಿಗೆ ಹಾಕುತ್ತಾ ತಮಾಷೆ ಮಾಡುತ್ತಾ ಕೂತಿದ್ದ ಮನುಷ್ಯನ ಹೆಸರು ಐದನೆಯ ಡೇರೆಯ, ಅಂದರೆ ತಮ್ಮ ಆರಾಮ ವಿಭಾಗದ, ಪಟ್ಟಿಗೆ ಬಂತು.

ಅಂದು ನನಗೆ ಬಾಣಂತಿಯರ ಡೇರೆಯಲ್ಲಿ ಪಾಳಿ. ವಿಷಯ ತಿಳಿಸುವ ಕೆಲಸ ನಮ್ಮ ಯುವ ವೈದ್ಯರ ಪಾಲಿಗೆ ಬಿತ್ತು. ಅವರು ಒಳ್ಳೆಯವರು, ಬೇಕಿದ್ದರೆ ತಮ್ಮ ಮುಂದೆ ಆಣೆ ಇಟ್ಟು ಹೇಳುತ್ತೇನೆ. ಓದಿದ್ದು ದೂರದ ನಗರದಲ್ಲಿ, ಬೇರೆ ಭಾಷೆಯಲ್ಲಿ. ತಮ್ಮ ವಾಕ್ಯವನ್ನು ಒಂದಕ್ಷರ ಆಚೀಚೆ ಆಗದಂತೆ ಬಾಯಿಪಾಠ ಮಾಡಿಕೊಂಡಿದ್ದರು. ಅಕ್ಕನನ್ನು ಕರೆದು, ಮೆಲ್ಲನೆಯ ದನಿಯಲ್ಲಿ, ಆ ವಾಕ್ಯವನ್ನು ಹೇಳಿದರು. ಮಧ್ಯಾಹ್ನ ಕೈತೊಳೆಯುವ ನಲ್ಲಿಯ ಹತ್ತಿರ ಸಿಕ್ಕಾಗ ಅವರ ಮುಖದಲ್ಲಿ ನಿರಾಳವಿತ್ತು.

‘ಹೇಳ್ಬಿಟ್ಟೆ ಸಿಸ್ಟರ್’ ಎಂದರು. ‘ಹೇಗಪ್ಪಾ ಹೇಳೋದು ಅಂತ ಬೆಳಿಗ್ಗೆಯಿಂದ ಅದೇ ಯೋಚನೆ. ಆದ್ರೆ ಅವರು ತುಂಬಾ ಚೆನ್ನಾಗಿ ತಗೊಂಡ್ರು. ಅಳಲಿಲ್ಲ, ಏನಿಲ್ಲ. ನನ್ನ ಕೈ ಹಿಡ್ಕೊಂಡು ನಿಮಗೆ ಒಳ್ಳೇದಾಗ್ಲಿ ಅಂದ್ರು. ಎಷ್ಟು ಗಟ್ಟಿ ಹೆಂಗಸು!’

ಗಟ್ಟಿ ಹೆಂಗಸೇ ಹೌದು. ಆದರೆ ಅಷ್ಟು ಗಟ್ಟಿಯೇ ಎಂದು ನನಗೆ ಆಗಲೇ ಅನುಮಾನ ಹೊಡೆಯಿತು. ಹೋಗಿ ನೋಡಿ ಬರೋಣವೆಂದರೆ ಡೇರೆಯಲ್ಲಿ ಹೆರಿಗೆ ಶುರುವಾಗಿತ್ತು, ಬಿಟ್ಟು ಬರುವಂತಿರಲಿಲ್ಲ. ಸಂಜೆ ಆಕೆಯೇ ನನ್ನನ್ನು ಹುಡುಕಿಕೊಂಡು ಬಂದಳು. ಅಂಗೈಯಲ್ಲಿ ಕಾಗದದ ಪೊಟ್ಟಣ. ಬಿಚ್ಚಿ, ನನ್ನ ಬಾಯಿಗೆ ಒಂದು ಚಿಟಿಕೆ ಸಕ್ಕರೆ ಹಾಕಿದಳು. ಶಿಬಿರದಲ್ಲಿ ಸಕ್ಕರೆ ಹೇಗೆ ಸಿಗುತ್ತದೆ ಎಂದು ತಮಗೆ ತಿಳಿದಿರಲಾರದು. ಯಾರ ಯಾರ ಕೈಕಾಲು ಹಿಡಿದು ತಂದಿದ್ದಳೋ.

‘ಸಿಸ್ಟರಮ್ಮ, ನನ್ನ ತಮ್ಮಂಗೆ ಆರಾಮಂತೆ! ಡಾಕ್ಟ್ರೇ ಕರೆದು ಹೇಳಿದ್ರು. ಆರಾಮ ಆಗೋರ ಡೇರೇಗೆ ಹಾಕಿದಾರೆ. ನಾನು ಹೇಳ್ತಿದ್ದೆ ಅಲ್ವಾ, ಅವನು ನೋಡೋಕೆ ಕಡ್ಡಿ, ಆದ್ರೆ ಗಟ್ಟಿ ಕಡ್ಡಿ ಅಂತ!’

ಸಕ್ಕರೆ ನನ್ನ ಬಾಯಲ್ಲೇ ಇತ್ತು. ನುಂಗಲೂ ಆಗಲಿಲ್ಲ, ಉಗುಳಲೂ ಆಗಲಿಲ್ಲ. ಸುತ್ತೋಲೆಯ ನೆನಪಾಯಿತು ಎಂದು ಹೇಳಿದರೆ ಸುಳ್ಳಾಗುತ್ತದೆ. ಆ ಹೊತ್ತಿಗೆ ನನಗೆ ಯಾವ ಸುತ್ತೋಲೆಯೂ ನೆನಪಿರಲಿಲ್ಲ. ಆಕೆಯ ಮುಖ ನೋಡುತ್ತಾ ಏನು ಮಾಡಲಿ ಎಂದು ಯೋಚಿಸುತ್ತಿರುವಾಗಲೇ ಆಕೆ ಇನ್ನೊಂದು ಮಾತು ಹೇಳಿದಳು. 

ಸೇತುವೆಯ ಆಚೆ ಬಂಧುಗಳಿದ್ದವರಿಗೆ ತಾವು ಒಂದು ಅವಕಾಶ ಕೊಟ್ಟಿದ್ದಿರಿ, ನೆನಪಿದೆಯಲ್ಲವೇ? ಬಂಧುಗಳು ಗೇಟಿಗೆ ಬಂದು ಹೊಣೆ ಹೊತ್ತುಕೊಂಡರೆ ಒಂದು ಮನೆಯಿಂದ ಒಬ್ಬರನ್ನು ಕರೆದೊಯ್ಯಬಹುದು, ಖರ್ಚೆಲ್ಲ ಅವರದೇ. ಅಂದಿಗೇ ಅದರ ಗಡುವು ಮುಗಿಯುತ್ತಿತ್ತು. ಕಂಡಕ್ಟರಮ್ಮನ ಮೈದುನ ಆಚೆ ಪಟ್ಟಣದಲ್ಲಿ ಒಂದು ಕೋಣೆಯ ಮನೆ ಮಾಡಿಕೊಂಡಿದ್ದಾನೆ. ಅತ್ತಿಗೆಯ ತಮ್ಮನನ್ನು ಕರೆದೊಯ್ದು ಆಸ್ಪತ್ರೆಗೆ ಸೇರಿಸಲೆಂದೇ ಯಾರದೋ ಗಾಡಿ ಕೇಳಿಕೊಂಡು ಆ ಮಧ್ಯಾಹ್ನ ಗೇಟಿಗೆ ಬಂದಿದ್ದ. ಆಸ್ಪತ್ರೆಯವರ ಹತ್ತಿರ ಮಾತಾಡಿಯೂ ಇಟ್ಟಿದ್ದ.

‘ನಾನೇ ಹೇಳಿದೆ ಮೈದುನಂಗೆ’ ಎಂದಳು ಕಂಡಕ್ಟರಮ್ಮ, ಹೆಮ್ಮೆಯಿಂದ. ‘ಆ ಡೇರೇಲಿ ರಕ್ತ ತೊಳೆಯೋ ಮಿಷನ್ನು ಇರ್ಬೇಕು, ಇವನಿಗೆ ಹೆಂಗೂ ಇಲ್ಲೇ ಆರಾಮ ಆಗ್ತೈತಪ್ಪ. ಬಂದ ಗಾಡಿ ಖಾಲಿ ಯಾಕೆ ಹೋಗ್ಬೇಕು? ನಿಮ್ಮಮ್ಮನ್ನ ಕೂರಿಸ್ಕೊಂಡು ಹೋಗು, ಪಾಪ ಮಂಡಿನೋವು ಅಂತ ಅಳ್ತಾ ಕೂತವ್ಳೆ ಅಂದೆ. ನಮ್ಮತ್ತೆ ಹೋಗುವಾಗ ಏನ್ ಖುಷಿ ಅಂತೀರಾ! ಮದುವೆ ಹೆಣ್ಣಿನ ಥರ ಕೈ ಬೀಸ್ಕೊಂಡು ಹೋದ್ರು.’

ಮಾನ್ಯರೇ, ಆ ಗಾಡಿಯಲ್ಲಿ ಮೂತ್ರಪಿಂಡ ಕೆಟ್ಟ ಮನುಷ್ಯ ಹೋಗಬೇಕಿತ್ತು. ಮಂಡಿನೋವು ಹೋಯಿತು. ಇದರಲ್ಲಿ ಅತ್ತೆಯದು ತಪ್ಪೇ? ಮೈದುನನದೇ? ಒಂದು ಸೀಟು ಸಿಕ್ಕಾಗ ಅದು ವ್ಯರ್ಥವಾಗಬಾರದು ಎಂದು ಯೋಚಿಸಿದ ಕಂಡಕ್ಟರಮ್ಮನದೇ? ಬಾಯಿಪಾಠ ಒಪ್ಪಿಸಿದ ವೈದ್ಯರದೇ? ನಾನು ಆಚೆ ಈಚೆ ತಿರುಗಿಸಿ ನೋಡಿದೆ. ಎಲ್ಲರೂ ಒಳ್ಳೆಯದನ್ನೇ ಮಾಡಿದ್ದಾರೆ. ಎಲ್ಲರೂ ಒಳ್ಳೆಯದನ್ನೇ ಮಾಡಿ ಒಬ್ಬ ಮನುಷ್ಯನ ದಾರಿ ಮುಚ್ಚಿದ್ದಾರೆ.

ನಾನು ಗೇಟಿಗೆ ಓಡಿದೆ. ಈ ವಯಸ್ಸಿನಲ್ಲಿ, ನಿಲುವಂಗಿ ಎತ್ತಿ ಹಿಡಿದು, ಓಡಿದೆ ಎಂದರೆ ಓಡಿದೆ. ಗಾಡಿ ಯಾವಾಗಲೋ ಹೋಗಿತ್ತು. ಕಾವಲಿನವನು ಅವಕಾಶ ಮುಗಿಯಿತೆಂದು ಹಲಗೆ ಒರೆಸುತ್ತಿದ್ದ. ‘ನಾಳೆ ಬರ್ಲಿ, ಒಳಗೆ ಬಿಡ್ತೀನಿ ಅಂತ ಹೇಳೋಕೆ ನಾನ್ಯಾರು ಸಿಸ್ಟರ್?’ ಎಂದ. ಅವನ ಮಾತೂ ಸರಿಯೇ.

ಮರುದಿನ ಬೆಳಿಗ್ಗೆ ತಮ್ಮ ಕಚೇರಿಗೆ ಫೋನು ಮಾಡಿದೆ. ತಾವು ಸಭೆಯಲ್ಲಿದ್ದಿರಿ. ಸ್ಥಳಾಂತರದ ವಿಷಯ ನೋಡಿಕೊಳ್ಳುವ ಗುಮಾಸ್ತರು ಮಾತಾಡಿದರು. ಸೌಜನ್ಯದ ಮನುಷ್ಯ. ಹೀಗೆ ಹೀಗಾಗಿದೆ, ಒಬ್ಬ ರೋಗಿಗೆ ವಿಶೇಷ ಪರವಾನಗಿ ಬೇಕು ಎಂದೆ. ಯಾವ ವಿಭಾಗದಲ್ಲಿದ್ದಾರೆ ಎಂದು ಕೇಳಿದರು. ಹೇಳಿದೆ. 

‘ಆರಾಮ ಇದ್ದಾರಲ್ಲ ಮೇಡಂ’ ಎಂದರು. ‘ಆರಾಮ ಇರೋರಿಗೆ ಮತ್ತೆ ಯಾಕೆ ಆಸ್ಪತ್ರೆ? ನಿಜವಾಗ್ಲೂ ಸೀರಿಯಸ್ ಇರೋರು ಇನ್ನೂ ಎಷ್ಟು ಜನ ಕಾಯ್ತಿದಾರೆ ನೋಡಿ.’

ನನಗೆ ನಗು ಬಂತು. ಕ್ಷಮಿಸಿ, ಬಂತು. ತಾವೇ ಹುಟ್ಟಿಸಿದ ಪದ, ತಮ್ಮದೇ ಕಚೇರಿ, ತಾವು ಕೂರುವ ಕೋಣೆಯ ಗೋಡೆಯಾಚೆ ಕೂತವರು, ಅವರಿಗೂ ಅದು ಕಂಡಕ್ಟರಮ್ಮನಿಗೆ ಕೇಳಿಸಿದಂತೆಯೇ ಕೇಳಿಸಿದೆ! ಆ ಪದಕ್ಕೆ ಬೇರೆ ಅರ್ಥವೇ ಇಲ್ಲದಿರುವಾಗ ಅವರಾದರೂ ಏನು ಮಾಡಿಯಾರು? ನಾನು ವಿವರಿಸಿ ಹೇಳಿದೆ. ಅವರು ಗಾಬರಿಯಾಗಿ, ಮೇಲಿನವರ ಗಮನಕ್ಕೆ ತರುತ್ತೇನೆ ಎಂದರು. ತಂದರೋ ಇಲ್ಲವೋ ತಿಳಿಯದು. ಮತ್ತೆ ಮತ್ತೆ ಕರೆ ಮಾಡಿದಾಗ ‘ಪರಿಶೀಲನೆಯಲ್ಲಿದೆ’ ಎಂಬ ಉತ್ತರ ಬರುತ್ತಿದೆ. ಸಾಯುತ್ತಿರುವವನು ಆರಾಮದಲ್ಲಿದ್ದಾನೆ, ಆತನ ಅರ್ಜಿ ಪರಿಶೀಲನೆಯಲ್ಲಿದೆ. ಎರಡೂ ಎಷ್ಟು ನೆಮ್ಮದಿಯ ಜಾಗಗಳು.

ಮೊದಲ ಸಲ ಫೋನು ಮಾಡಿದ ದಿನವೇ ನಾನು ಸುತ್ತೋಲೆಯನ್ನು ಮೀರಿದೆ. ಔಷಧಿ ಪೆಟ್ಟಿಗೆಗಳ ಹಿಂದೆ ಕಂಡಕ್ಟರಮ್ಮನನ್ನು ಕೂರಿಸಿಕೊಂಡು, ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಆಕೆ ಮೊದಲು ನಂಬಲೇ ಇಲ್ಲ. ನಾನೇನೋ ತಪ್ಪು ತಿಳಿದಿದ್ದೇನೆ ಎಂದುಕೊಂಡು ನನಗೇ ಸಮಾಧಾನ ಹೇಳಿದಳು.

‘ಇಲ್ಲ ಸಿಸ್ಟರಮ್ಮ, ನಿಮಗೆ ಗೊತ್ತಿಲ್ಲ, ನೀವು ಅವತ್ತು ಇರ್ಲಿಲ್ಲ. ಡಾಕ್ಟ್ರು ಆರಾಮ ಅಂದ್ರು. ನಾನೇ ಕೇಳಿದೀನಿ, ಈ ಕಿವೀಲಿ.’

‘ಅದು ಡೇರೆ ಹೆಸರಮ್ಮ’ ಎಂದೆ. ‘ಅಲ್ಲಿ ಯಾರಿಗೂ ಆರಾಮ ಆಗಲ್ಲ. ನೋವು ಆಗದ ಹಾಗೆ ನೋಡ್ಕೋತೀವಿ, ಅಷ್ಟೇ.’

‘ಆರಾಮ ಆಗದೇ ಇರೋರಿಗೆ ಆರಾಮ ಅಂತ ಯಾರಾದ್ರೂ ಹೆಸರಿಡ್ತಾರಾ?’ ಎಂದಳು.

 ಈ ಪ್ರಶ್ನೆಗೆ ತಮ್ಮ ಬಳಿ ಉತ್ತರವಿದ್ದರೆ ತಿಳಿಸಿ.  ಶಿಬಿರದ ಗದ್ದಲವನ್ನೆಲ್ಲ ಒಂದು ಕೂಗಿನಲ್ಲಿ ಅಡಗಿಸುವ ಹೆಂಗಸು ಪಿಸುದನಿಗೆ ಇಳಿದಳು. ಕೊನೆಗೆ ಕೇಳಿದ್ದು ಒಂದೇ ಮಾತು. ‘ಗಾಡಿ ಬಂದಿತ್ತು ಅಂತ ಅವನಿಗೆ ಹೇಳ್ಬೇಡಿ.’

ಆ ಮಾತನ್ನು ನಾನು ಉಳಿಸಿಕೊಂಡಿದ್ದೇನೆ. ದರ್ಜಿ ಈ ಪತ್ರಿಕೆ ಓದುವ ಸ್ಥಿತಿಯಲ್ಲಿಲ್ಲ. ಇದ್ದಿದ್ದರೆ ಇದನ್ನು ಬರೆಯುತ್ತಿರಲಿಲ್ಲ. ಆತನಿಗೆ ತನ್ನ ಕಾಯಿಲೆಯ ವಿಷಯದಲ್ಲಿ ನಾವು ಯಾರೂ ಏನೂ ಹೇಳಬೇಕಾಗಿರಲಿಲ್ಲ. ಒಂದು ದಿನ ಕಾಲಿನ ಬಾವು ನೋಡುತ್ತಿದ್ದಾಗ ಆತನೇ ಮೆಲ್ಲಗೆ ಹೇಳಿದ: ‘ಮಿಷನ್ ಇಲ್ದೆ ಎಲ್ಲೀ ಆರಾಮ ಸಿಸ್ಟರ್? ನನ್ನ ಮೈ ನಂಗೆ ಗೊತ್ತಿಲ್ವಾ? ಆದ್ರೆ ಅಕ್ಕ ಸಕ್ಕರೆ ಹಂಚ್ತಿದ್ಲು. ಅವಳನ್ನ ಹಂಗೆ ನೋಡಿ ಎಷ್ಟು ದಿನ ಆಗಿತ್ತು. ಸುಮ್ನಾಗ್ಬಿಟ್ಟೆ.’ ತಮ್ಮನಿಗೆ ನೋವಾಗಬಾರದೆಂದು ಅಕ್ಕ ಒಂದನ್ನು ಮುಚ್ಚಿಟ್ಟಿದ್ದಾಳೆ, ಅಕ್ಕನಿಗೆ ನೋವಾಗಬಾರದೆಂದು ತಮ್ಮ ಇನ್ನೊಂದನ್ನು ಮುಚ್ಚಿಟ್ಟಿದ್ದಾನೆ. ಎರಡನ್ನೂ ಬಲ್ಲ ನಾನು ನಡುವೆ ನಿಂತು ಜ್ವರ ನೋಡುವುದು, ಹಾಸಿಗೆ ಸರಿಮಾಡುವುದು. ಇದೂ ದಾದಿಯ ಕೆಲಸವೆಂದು ನನಗೆ ಯಾವ ತರಗತಿಯಲ್ಲೂ ಕಲಿಸಿರಲಿಲ್ಲ.

ನಮ್ಮ ಯುವ ವೈದ್ಯರಿಗೆ ಸಂಗತಿ ಗೊತ್ತಾಗಿದೆ. ಅಂದಿನಿಂದ ಅವರು ಯಾರಿಗೂ ಏನನ್ನೂ ಬಾಯಿಬಿಟ್ಟು ಹೇಳುತ್ತಿಲ್ಲ. ತಟ್ಟೆಯ ಮುಂದೆ ಕೂರುತ್ತಾರೆ, ಎದ್ದು ಹೋಗುತ್ತಾರೆ. ತೊಳೆದ ಕೈಯನ್ನೇ ಮತ್ತೆ ತೊಳೆಯುತ್ತಾರೆ. ‘ಅವರು ನಂಗೆ ಒಳ್ಳೇದಾಗ್ಲಿ ಅಂದ್ರು ಸಿಸ್ಟರ್’ ಎಂದು ಒಮ್ಮೆ ಹೇಳಿ ಮುಖ ತಿರುಗಿಸಿದರು. ಅವರಿಗೆ ನನ್ನ ಮಗಳ ವಯಸ್ಸು. ನನ್ನ ವಿಷಯವೂ ಅಷ್ಟೇನು ಬೇರೆಯಿಲ್ಲ. ಮಗಳು ಫೋನು ಮಾಡಿ, ದಿನಾ ಕೇಳುವಂತೆ, ‘ಅಮ್ಮಾ, ಆರಾಮಾ?’ ಎಂದಳು. ಹೂಂ ಅನ್ನಲು ನಾಲಿಗೆ ಏಳಲಿಲ್ಲ. ಅವಳು ಗಾಬರಿಯಿಂದ ‘ಅಮ್ಮಾ, ಅಮ್ಮಾ’ ಎಂದು ಕೂಗುತ್ತಲೇ ಇದ್ದಳು. ಊಟದ ಸಾಲಿನಲ್ಲಿ ಸಿಬ್ಬಂದಿ ಒಬ್ಬರಿಗೊಬ್ಬರು ಈಗ ಆ ಮಾತು ಕೇಳುವುದಿಲ್ಲ. ಬರೀ ತಲೆಯಾಡಿಸುತ್ತೇವೆ. ಒಂದು ಭಾಷೆಯಲ್ಲಿ ಕುಶಲ ಕೇಳುವ ಪದವನ್ನೇ ತಾವು ನಮ್ಮಿಂದ ಕಿತ್ತುಕೊಂಡಿರಿ. ಇದಕ್ಕೆ ಯಾವ ಖಾತೆಯಲ್ಲಿ ಪರಿಹಾರ ಕೊಡುತ್ತೀರಿ?

ಈಗ ತಾವು ಒಂದು ಪ್ರಶ್ನೆ ಕೇಳುತ್ತೀರಿ. ಅದು ಕೇಳಬೇಕಾದ ಪ್ರಶ್ನೆಯೇ. ಇವನೊಬ್ಬನಿಗೇ ಏಕೆ? ಐದನೆಯ ಡೇರೆಯಲ್ಲಿ ಆತನ ಪಕ್ಕದ ಮಂಚದಲ್ಲಿ ಇಬ್ಬರು ಮಕ್ಕಳ ತಾಯಿಯೊಬ್ಬಳು ಮಲಗಿದ್ದಾಳೆ. ಅವಳ ಪರವಾಗಿ ಯಾರೂ ಪತ್ರಿಕೆಗೆ ಬರೆದಿಲ್ಲ. ಅವಳ ತಪ್ಪೇನು? ಅವಳಿಗೆ ಮಾತಿನಲ್ಲಿ ಚತುರೆಯಾದ ಅಕ್ಕನಿಲ್ಲದ್ದು ತಪ್ಪೇ?  ಪ್ರತಿ ಬೆಳಿಗ್ಗೆ ಆ ಎರಡು ಮಂಚಗಳ ನಡುವೆ ಹಾಯುವಾಗ ಅವಳ ಮುಖ ನೋಡಲು ನನಗೆ ಕಷ್ಟವಾಗುತ್ತಿದೆ. ಆದರೂ ದರ್ಜಿಯ ವಿಷಯದಲ್ಲಿ ಒಂದು ವ್ಯತ್ಯಾಸವಿದೆ. ಆತನಿಗೆ ನಾನು ತಮ್ಮ ಔದಾರ್ಯವನ್ನು ಕೇಳುತ್ತಿಲ್ಲ. ಆತನಿಗೆ ಒಂದು ಸೀಟು ಇತ್ತು, ಕಾಯುತ್ತಿದ್ದ ಆಸ್ಪತ್ರೆ ಇತ್ತು, ಹೊಣೆ ಹೊರಲು ಬಂದ ನೆಂಟನಿದ್ದ. ತಮ್ಮ ನಿಯಮದ ಒಳಗೇ ಎಲ್ಲವೂ ಇತ್ತು. ಅದನ್ನು ಕಿತ್ತುಕೊಂಡದ್ದು ನಮ್ಮ ಮಾತು. ಕಿತ್ತುಕೊಂಡದ್ದನ್ನು ವಾಪಸು ಕೊಡಿ ಎನ್ನುತ್ತಿದ್ದೇನೆ, ಅಷ್ಟೇ. ಮುಗಿದ ಗಡುವನ್ನು ಒಂದು ಗಾಡಿಗಾಗಿ, ಒಂದು ಮಧ್ಯಾಹ್ನ ತೆರೆಯುವುದು ತಮ್ಮ ಒಂದು ಸಹಿಯ ಕೆಲಸ. ಮೈದುನ ಸೇತುವೆಯ ಆ ತುದಿಗೆ ದಿನಾ ಬಂದು ನಿಂತು ಹೋಗುತ್ತಿದ್ದಾನೆ. ಅವನ ತಾಯಿ ಮಂಡಿನೋವು ಮರೆತು, ನನ್ನನ್ನು ವಾಪಸು ಬಿಟ್ಟು ಆ ಹುಡುಗನನ್ನು ಕರ್ಕೊಂಡು ಬಾ ಎಂದು ಹಟ ಹಿಡಿದಿದ್ದಾಳಂತೆ. ಮನುಷ್ಯರನ್ನು ಹಾಗೆ ಅದಲುಬದಲು ಮಾಡುವ ಅವಕಾಶ ನಿಯಮದಲ್ಲಿ ಇಲ್ಲವೆಂದು ಅವಳಿಗೂ ಹೇಳಿ ಕಳಿಸಲಾಗಿದೆ.

ಹಾಗಾಗಿ ನನ್ನ ಬೇಡಿಕೆ ಇಷ್ಟು. ಇಂದೇ ಸೇತುವೆ ತೆರೆಯಿರಿ. ಆ ಡೇರೆಯ ಹೆಸರನ್ನು ಕಿತ್ತುಹಾಕಿ. ಬೇರೆ ಪದ ಸಿಗದಿದ್ದರೆ ಬರೀ ಐದು ಎಂದು ಬಿಡಿ. ನಿಜ ಹೇಳುವ ಅನುಮತಿಯನ್ನು ನಮ್ಮ ಬಾಯಿಗೆ ಹಿಂದಿರುಗಿಸಿ. ಸಾಮಾನು ಒಡೆದರೆ ಒಡೆಯಲಿ, ನಾವು ಗುಡಿಸಿಕೊಳ್ಳುತ್ತೇವೆ.

ಇವೆಲ್ಲ ಆಗುವುದಿಲ್ಲವೆಂದು ಒಳಗೊಳಗೇ ನನಗೆ ಗೊತ್ತಿದೆ. ಇಂದು ಬೆಳಿಗ್ಗೆ ಆತನ ಉಸಿರು ಕೇಳಿದೆ. ಆ ಉಸಿರಿನ ಸದ್ದು ಏನು ಹೇಳುತ್ತದೆ ಎಂದು ಅರ್ಥಮಾಡಿಕೊಳ್ಳಲು ಯಾವ ವೈದ್ಯರೂ ಬೇಕಿಲ್ಲ. ತಾವು ಈ ಪುಟ ಬಿಡಿಸುವ ಹೊತ್ತಿಗೆ ಪರವಾನಗಿಯ ಅಗತ್ಯ ಉಳಿದಿರದೆ ಹೋಗಬಹುದು. ಹಾಗಾದ ಪಕ್ಷದಲ್ಲೂ ಒಂದು ಬೇಡಿಕೆ ಬಾಕಿ ಉಳಿಯುತ್ತದೆ. ಅದಕ್ಕೆ ಗಡುವಿಲ್ಲ, ಖರ್ಚಿಲ್ಲ, ಯಂತ್ರ ಬೇಕಿಲ್ಲ.

ತಾವೊಮ್ಮೆ ಇಲ್ಲಿಗೆ ಬರಬೇಕು. ಕಂಡಕ್ಟರಮ್ಮ ಈಗ ಸಾಲು ನಿಲ್ಲಿಸುವುದಿಲ್ಲ. ತಮ್ಮನ ಮಂಚದ ಪಕ್ಕ ನೆಲದ ಮೇಲೆ ಕೂತಿರುತ್ತಾಳೆ. ಯಾರು ಏನು ಹೇಳಿದರೂ ‘ಇನ್ನೊಂದ್ಸಲ ಹೇಳಿ’ ಅನ್ನುತ್ತಾಳೆ. ಮಾತ್ರೆ ಯಾವಾಗ ಕೊಡಬೇಕೆಂದು ಹೇಳಿದರೂ ಇನ್ನೊಂದ್ಸಲ. ಊಟ ಬಂತು ಎಂದರೂ ಇನ್ನೊಂದ್ಸಲ. ವರ್ಷಗಟ್ಟಲೆ ಬಸ್ಸಿನ ಇಂಜಿನ್ ಸದ್ದಿನ ಪಕ್ಕ ನಿಂತು ತನ್ನ ಕಿವಿ ಕೆಟ್ಟಿದೆ, ಡಾಕ್ಟರು ಏನೋ ಹೇಳಿದರು, ತಾನೇ ತಪ್ಪಾಗಿ ಕೇಳಿಸಿಕೊಂಡು ತಮ್ಮನನ್ನು ಕೊಂದೆ ಎಂದು ಆಕೆ ತೀರ್ಮಾನಿಸಿದ್ದಾಳೆ. ನಿನ್ನ ಕಿವಿ ಸರಿಯಾಗಿದೆ ಅಮ್ಮ, ನೀನು ಕೇಳಿದ್ದೇ ನಿಜವಾದ ಅರ್ಥ ಎಂದು ನಾನು ಹೇಳಿ ಹೇಳಿ ಸೋತೆ. ನಾನು ಪರಿಚಯದವಳು, ಸಮಾಧಾನಕ್ಕೆ ಹೇಳುತ್ತೇನೆ ಎಂದುಕೊಳ್ಳುತ್ತಾಳೆ. ಆ ಪದ ಇಟ್ಟವರು ತಾವು. ತಾವು ಬಂದು ಹೇಳಿದರೆ ನಂಬಬಹುದು. ದೊಡ್ಡ ದನಿಯಲ್ಲಿ ಹೇಳಬೇಕಾಗಿಲ್ಲ. ಆಕೆಗೆ ಚೆನ್ನಾಗಿಯೇ ಕೇಳಿಸುತ್ತದೆ.

ಇಂತಿ,
ಸುತ್ತೋಲೆ ಮೀರಿ ನಿಜ ಹೇಳಿದವಳು, ಹೇಳಬೇಕಾದ ದಿನ ಹೇಳಲು ಅಲ್ಲಿ ಇಲ್ಲದವಳು,
ತಮ್ಮ ಐದನೆಯ ಡೇರೆಯ ಒಬ್ಬ ದಾದಿ